ಸಿಲಬಸ್ಸಿನಲ್ಲಿಲ್ಲದ ಕೋಪನ್‌ಹೇಗನ್

ನಮ್ಮ ಮನೆಯ ಡೈನಿಂಗ್ ಟೇಬಲ್ಲಿನ ಮೇಲೆ ಎರಡು ತಿಂಗಳಿಂದ ಊಟ ನಡೆದಿಲ್ಲ. ಅಲ್ಲಿ ಈಗ ಕೋಪನ್‌ಹೇಗನ್ ಇದೆ. ಹಳೆಯ ಕ್ಯಾಲೆಂಡರಿನ ನಾಲ್ಕು ಹಾಳೆಗಳನ್ನು ಬೆನ್ನು ಮೇಲಾಗಿಸಿ ಅಂಟಿಸಿ, ಸ್ಕೆಚ್ ಪೆನ್ನಿನಲ್ಲಿ ನಾನೇ ಬರೆದ ನಕ್ಷೆ. ನೀಲಿ ಬಣ್ಣದ್ದು ನೀರು, ಕೆಂಪು ಚುಕ್ಕೆಗಳು ಅರಮನೆ ಮತ್ತು ಮ್ಯೂಸಿಯಂ, ಹಸಿರು ಗೆರೆ ನಾವು ನಡೆಯಬೇಕಾದ ದಾರಿ. ತಟ್ಟೆಯನ್ನು ತೊಡೆಯ ಮೇಲಿಟ್ಟುಕೊಂಡು ಸೋಫಾದಲ್ಲಿ ಉಣ್ಣುತ್ತೇನೆ. ಉಣ್ಣುತ್ತಲೇ ಕಣ್ಣು ಆ ಕಡೆ ಹೋಗುತ್ತದೆ, ಇನ್ನೊಂದು ಚುಕ್ಕೆ ನೆನಪಾಗುತ್ತದೆ, ಎಂಜಲು ಕೈಯಲ್ಲೇ ಏಳುತ್ತೇನೆ. ಚಿಕ್ಕಂದಿನಲ್ಲಿ ನಮ್ಮ ಮೈಸೂರಿನ ಕಾನ್ವೆಂಟಿನಲ್ಲಿ ಹೀಗೆ ಮಾಡಿದ್ದರೆ ಮದರ್ ಕೈಯಿಂದ ಸ್ಕೇಲಿನ ಏಟು ಖಂಡಿತ.

ಇದೆಲ್ಲ ಶುರುವಾದದ್ದು ಒಂದು ಫೋನ್ ಕರೆಯಿಂದ. ಮಾಡಿದವಳು ನನ್ನ ಓರಗಿತ್ತಿಯ ಮೊಮ್ಮಗಳು, ಮಗಳ ಮಗಳು. ಓರಗಿತ್ತಿ ಎಂದರೆ ನನ್ನ ಯಜಮಾನರ ತಮ್ಮನ ಹೆಂಡತಿ, ಮಿರ್ಲೆಯಲ್ಲಿ ಇರುವವಳು. ಈ ಹುಡುಗಿಯ ಅಪ್ಪ ಅಂತರಸಂತೆಯ ಕಡೆ ಫಾರೆಸ್ಟಿನಲ್ಲಿ ವಾಚರ್. ಆನೆ ಓಡಾಡುವ ದಾರಿಯಲ್ಲಿ ಮಗುವನ್ನು ಸ್ಕೂಲಿಗೆ ಕಳಿಸುವುದು ಹೇಗೆಂದು ಮೂರು ವರ್ಷದವಳಿದ್ದಾಗಲೇ ಮಿರ್ಲೆಗೆ ತಂದು ಬಿಟ್ಟರು. ಅಜ್ಜಿಯ ಕೊಟ್ಟಿಗೆಯಲ್ಲೇ ಬೆಳೆಯಿತು. ಪಿಯುಸಿಗೆ ಕೆ.ಆರ್. ನಗರದಲ್ಲಿ ನಮ್ಮ ಮನೆಯಲ್ಲಿದ್ದು ಓದಿತು. ಆಮೇಲೆ ಹಾಲಿನ ವಿಜ್ಞಾನ ಓದಿ, ಸ್ಕಾಲರ್‌ಶಿಪ್ ಗಿಟ್ಟಿಸಿಕೊಂಡು, ಡೆನ್ಮಾರ್ಕಿಗೆ, ಅದರ ರಾಜಧಾನಿ ಈ ಕೋಪನ್‌ಹೇಗನ್ನಿಗೆ ಹೋಯಿತು. ಬೆಣ್ಣೆ, ಚೀಸ್, ಹಾಲು ಎಂದರೆ ಜಗತ್ತೇ ತಿರುಗಿ ನೋಡುವ ದೇಶ. ಅಲ್ಲಿ ನಮ್ಮ ಮಿರ್ಲೆಯ ಹುಡುಗಿ ಲ್ಯಾಬಿನಲ್ಲಿ ನಿಂತು ಅವರಿಗೆ ಹಾಲಿನ ಬಗ್ಗೆ ಹೇಳುತ್ತದೆ. ಫ್ರಾಂಕಾಗಿ ಹೇಳುತ್ತೇನೆ, ಇದನ್ನು ನಾನು ತರಕಾರಿ ಅಂಗಡಿಯವನಿಗೂ ಹೇಳಿದ್ದೇನೆ, ಬ್ಯಾಂಕಿನ ಕ್ಯಾಷಿಯರಿಗೂ ಹೇಳಿದ್ದೇನೆ.

"ದೊಡ್ಡಜ್ಜಿ, ಜೂನಲ್ಲಿ ನಂಗೆ ಡಿಗ್ರಿ ಕೊಡ್ತಾರೆ, ಶುಕ್ರವಾರ. ಸೋಮವಾರದಿಂದ ಬೇರೆ ಊರಲ್ಲಿ ಕೆಲಸಕ್ಕೆ ಸೇರ್ಕೋಬೇಕು. ಮಧ್ಯೆ ಶನಿವಾರ, ಭಾನುವಾರ ಫುಲ್ ಫ್ರೀ. ನೀವೂ ಅಜ್ಜಿಯೂ ಬನ್ನಿ. ಆ ಎರಡು ದಿನದ ಪ್ಲಾನ್ ನಿಮ್ದು. ಓನ್ಲಿ ಹಿಸ್ಟರಿ."

"ಬರೀ ಹಿಸ್ಟರಿ ಆದ್ರೆ ನಿಂಗೆ ಬೋರ್ ಆಗಲ್ವೇನೆ?"

"ಎರಡು ವರ್ಷದಿಂದ ಇಲ್ಲಿದ್ದೀನಿ, ಬಸ್ ಸ್ಟಾಪು, ಲ್ಯಾಬು, ರೂಮು ಬಿಟ್ಟು ಏನೂ ನೋಡಿಲ್ಲ. ನೀವು ಬಂದು ತೋರಿಸಿ." ಹಾಗೇ ಮುಂದುವರಿಸಿತು: "ಅಜ್ಜೀನ ಕರ್ಕೊಂಡೇ ಬರಬೇಕು ದೊಡ್ಡಜ್ಜಿ. ನಾನು ಸ್ಟೇಜ್ ಮೇಲೆ ಹತ್ತುವಾಗ ಕೆಳಗಡೆ ಅಜ್ಜಿ ಇರ್ಬೇಕು. ಅಜ್ಜಿ ಬರ್ದೇ ಇದ್ರೆ ನಾನು ಹತ್ತೋದೇ ಇಲ್ಲ."

ಆ ಕೊನೆಯ ಮಾತನ್ನು ನಾನು ಆ ದಿನ ಅಷ್ಟಾಗಿ ಕಿವಿಗೆ ಹಾಕಿಕೊಳ್ಳಲಿಲ್ಲ. ನನ್ನ ತಲೆ ಆಗಲೇ ಕೋಪನ್‌ಹೇಗನ್ನಿನ ಹಡಗುಕಟ್ಟೆಯಲ್ಲಿತ್ತು.

ಯಾಕೆಂದರೆ ನಾನು ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಹುಣಸೂರಿನ ಹೆಣ್ಣುಮಕ್ಕಳ ಹೈಸ್ಕೂಲಿನಲ್ಲಿ ಹಿಸ್ಟರಿ ಪಾಠ ಮಾಡಿದವಳು. ಯುರೋಪಿಯನ್ನರ ಆಗಮನ ಎಂಬ ಪಾಠ ಪ್ರತಿ ವರ್ಷವೂ ಬರುತ್ತಿತ್ತು. ಪೋರ್ಚುಗೀಸರು, ಡಚ್ಚರು, ಇಂಗ್ಲಿಷರು, ಫ್ರೆಂಚರು. ಇವರಿಗೆ ಪುಟಗಟ್ಟಲೆ. ಡೆನ್ಮಾರ್ಕಿನವರಾದ ಡೇನರಿಗೆ ಒಂದೇ ಸಾಲು: ಡೇನರು ತಮಿಳುನಾಡಿನ ತರಂಗಂಬಾಡಿಯಲ್ಲಿ ಕೋಟೆ ಕಟ್ಟಿದರು. ಅಷ್ಟೆ, ಫುಲ್‌ಸ್ಟಾಪ್. ಪ್ರತಿ ವರ್ಷ ಯಾವಳಾದರೂ ಒಬ್ಬಳು ಎದ್ದು ನಿಂತು, "ಡೇನರು ಅಂದ್ರೆ ಯಾರು ಮಿಸ್?" ಎನ್ನುತ್ತಿದ್ದಳು. "ಒಂದು ಮಾರ್ಕಿಗೆ ಬರುತ್ತೆ, ಬರ್ಕೊ" ಎನ್ನುತ್ತಿದ್ದೆ. ನನಗೂ ಅದಕ್ಕಿಂತ ಹೆಚ್ಚು ಗೊತ್ತಿರಲಿಲ್ಲ. ತರಂಗಂಬಾಡಿಗೆ ಹಡಗು ಹೊರಟ ಆ ನೀರಿನ ಅಂಚಿನಲ್ಲೇ ನಾನು ಹೋಗಿ ನಿಲ್ಲಬಹುದು ಎಂದು ಹೊಳೆದಾಗ ಈ ವಯಸ್ಸಿನಲ್ಲಿ ಮೈ ಜುಮ್ಮೆಂದಿತು.

ಹುಡುಗಿ ದಿನಾ ಸಂಜೆ ಫೋಟೋ, ಮ್ಯಾಪು, ಮ್ಯೂಸಿಯಮ್ಮಿನ ಟೈಮಿಂಗ್ಸು ಕಳಿಸುತ್ತಿತ್ತು. ನಾನು ಸ್ಕೂಲ್ ಎಕ್ಸ್‌ಕರ್ಷನ್ನಿಗೆ ಮಾಡುತ್ತಿದ್ದ ಹಾಗೇ ಟೈಮ್ ಟೇಬಲ್ ಹಾಕಿದೆ. ಬೆಳಿಗ್ಗೆ ನಾಲ್ಕಕ್ಕೆ ಏಳುವುದು, ಐದಕ್ಕೆ ಹೊರಡುವುದು, ಬಿಸಿಲೇರುವ ಮೊದಲು ಎರಡು ಸ್ಥಳ ಮುಗಿಸುವುದು. ಹುಡುಗಿ ನಕ್ಕು ನಕ್ಕು ಫೋನೇ ಕೆಳಗೆ ಬೀಳಿಸಿತು. "ದೊಡ್ಡಜ್ಜಿ, ಇಲ್ಲಿ ಹತ್ತು ಗಂಟೆವರೆಗೆ ಬಾಗಿಲೇ ತೆಗೆಯಲ್ಲ. ಐದಕ್ಕೆ ಹೋಗಿ ಗೇಟ್ ಮುಂದೆ ರಂಗೋಲಿ ಹಾಕ್ತೀರಾ?" ಆದರೆ ಜೂನಿನಲ್ಲಿ ಅಲ್ಲಿ ಸೂರ್ಯ ಮುಳುಗುವುದು ಹತ್ತರ ಹತ್ತಿರವಂತೆ. ಬೆಳಗಿನಲ್ಲಿ ಕಳೆದುಕೊಂಡದ್ದನ್ನು ಸಂಜೆಗೆ ಜೋಡಿಸಿದೆ.

ಕೊನೆಗೆ ನಿಂತ ಪಟ್ಟಿ ಚೆನ್ನಾಗಿಯೇ ಇತ್ತು. ಶನಿವಾರ ಮೊದಲು ದುಂಡು ಗೋಪುರ. ನಕ್ಷತ್ರ ನೋಡಲೆಂದು ಹಳೆಯ ರಾಜನೊಬ್ಬ ಕಟ್ಟಿಸಿದ್ದು. ಅದಕ್ಕೆ ಮೆಟ್ಟಿಲಿಲ್ಲ, ಒಳಗೆ ಸುತ್ತಿಕೊಂಡು ಹೋಗುವ ಇಳಿಜಾರು, ಹಾಗಾಗಿ ನನ್ನ ಮಂಡಿಗೂ ಸರಿ. ತುತ್ತತುದಿಯಲ್ಲಿ ಮಾತ್ರ ನಾಲ್ಕು ಮೆಟ್ಟಿಲಂತೆ, ಅಲ್ಲಿ ನಾನು ಕೆಳಗೇ ನಿಲ್ಲುವುದು. ಆಮೇಲೆ ಅದೇ ರಾಜನ ಅರಮನೆ, ಒಡವೆ, ಕಿರೀಟ. ಭಾನುವಾರ ದೋಣಿಯಲ್ಲಿ ಕಾಲುವೆ ಸುತ್ತಿ, ಹಡಗುಕಟ್ಟೆ, ಕೋಟೆ. ಎಲ್ಲಾ ರಾಜರನ್ನೂ ಆಳಿದ ಕ್ರಮದಲ್ಲಿ ಕೆಂಪು ಇಂಕಿನಲ್ಲಿ ಬರೆದೆ.

ಓರಗಿತ್ತಿ ಗುರುವಾರ ಗುರುವಾರ ಮಿರ್ಲೆಯಿಂದ ಬಸ್ಸಿನಲ್ಲಿ ಬರುತ್ತಿದ್ದಳು. ಪಾಸ್‌ಪೋರ್ಟ್ ಫೋಟೋ, ವೀಸಾ ಕಾಗದ, ಬೆಂಗಳೂರಿಗೆ ಹೋಗಿ ಬೆರಳಚ್ಚು ಕೊಟ್ಟದ್ದು, ಎಲ್ಲಕ್ಕೂ ಮಾತಿಲ್ಲದೆ ಬಂದಳು. ಕೆಲಸ ಮುಗಿದ ಮೇಲೆ ನೆಲದ ಮೇಲೆ ಕಾಲು ಚಾಚಿ ಕೂತು, ತಂದ ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದಳು. ನಾನು ಕೋಲು ಹಿಡಿದು ನಕ್ಷೆಯ ಮೇಲೆ ರಾಜರನ್ನು ತೋರಿಸುತ್ತಿದ್ದೆ.

"ಈ ಗೋಪುರಕ್ಕೆ ಕುದುರೆ ಮೇಲೆ ಕೂತೇ ಹತ್ತುತ್ತಿದ್ದರಂತೆ ಕಣೆ."

"ಎತ್ತಿನ್ ಗಾಡಿ ಹತ್ತುಸ್ಬೈದಾ?"

"ಹತ್ತಿಸಬಹುದೇನೋ. ಈಗ ಕೇಳು. ಈ ಬಂದರಿನ ಕಾಲುವೆ ಇದೆಯಲ್ಲ, ಇದನ್ನು ಯುದ್ಧದಲ್ಲಿ ಸೆರೆ ಸಿಕ್ಕ ಸೈನಿಕರ ಕೈಯಲ್ಲಿ ತೋಡಿಸಿದರು. ಇದನ್ನು ತೋಡಿಸಿದ ರಾಜ..."

"ಸೆರೆ ಸಿಕ್ಕೋರಿಗೆ..." ಎಂದು ಏನೋ ಕೇಳಲು ಹೋದವಳು, "ಊಂ, ಯೋಳು ಯೋಳು" ಎಂದು ಸುಮ್ಮನಾದಳು. ನಾನು ಹೇಳುತ್ತಾ ಹೋದೆ. ಅವಳು ಬೀಜ ಬಿಡಿಸುತ್ತಾ ಹೋದಳು. ಒಂದು ಗುರುವಾರ ಬರಲಿಲ್ಲ. ಮುಂದಿನ ಗುರುವಾರವೂ ಬರಲಿಲ್ಲ. ಹೊರಡಲು ಎರಡು ವಾರ ಇದ್ದಾಗ, ವೀಸಾ ಕೈಗೆ ಬಂದ ಮೇಲೆ, ಹುಡುಗಿ ಫೋನ್ ಮಾಡಿತು. 

"ಅಜ್ಜಿ ಬರಲ್ವಂತೆ ದೊಡ್ಡಜ್ಜಿ. ಹಸು ನೋಡ್ಕೋಬೇಕಂತೆ."

ಆ ಮಧ್ಯಾಹ್ನವೇ ಮಿರ್ಲೆ ಬಸ್ಸು ಹತ್ತಿದೆ. ದಾರಿಯುದ್ದಕ್ಕೂ ಬೈಯಲು ಮಾತು ಜೋಡಿಸಿಕೊಂಡೆ. ಹೋದಾಗ ಸಂಜೆಯ ಹಾಲು ಕರೆಯುವ ಹೊತ್ತು. ಓರಗಿತ್ತಿ ಕೊಟ್ಟಿಗೆಯಲ್ಲಿ ಕಪ್ಪು ಬಿಳಿ ಹಸುವಿನ ಪಕ್ಕ ಕುಕ್ಕರುಗಾಲಲ್ಲಿ ಕೂತಿದ್ದಳು. ನನ್ನನ್ನು ನೋಡಿ ಎದ್ದೇಳಲಿಲ್ಲ.

"ಬಾರಕ್ಕ. ಆ ಕಲ್ಮ್ಯಾಲ್ ಕೂತ್ಕೊ. ಸೆರಗು ಎತ್ತಿ ಇಟ್ಕೊ, ಸಗಣಿ ಅದೆ."

"ಏನೇ ಇದು ನಿನ್ನ ಕಥೆ? ಟಿಕೆಟ್ ಆಗಿದೆ, ವೀಸಾ ಬಂದಿದೆ."

"ಅಸ ಯಾರ್ ಕರೀತಾರಕ್ಕ?"

"ನಿನ್ನ ಸೊಸೆ ಕರೆಯಲ್ವಾ? ಬಾಣಂತಿ ಆಗಿದ್ದಾಗಲೂ ಕರೆದವಳು."

"ಕರೀತಾಳೆ," ಎಂದು ಒಪ್ಪಿಕೊಂಡಳು. ಚರಿಗೆಯನ್ನು ಇನ್ನಷ್ಟು ಹತ್ತಿರಕ್ಕೆ ಎಳೆದುಕೊಂಡಳು. "ಚಳಿ ಅಂತೆ ಅಲ್ಲಿ."

"ಜೂನಲ್ಲಿ ಎಂಥ ಚಳಿ? ನೆಪ ಹೇಳಬೇಡ. ನಿಜ ಹೇಳು."

ಹಸುವಿನ ಹೊಟ್ಟೆಗೆ ಹಣೆ ಆನಿಸಿಕೊಂಡೇ ಹೇಳಿದಳು. "ಸೀರಂಗಪಟ್ಟಣಕ್ಕೆ ಕರ್ಕೊಂಡೋಗಿದ್ದೆಲ್ಲಕ್ಕ ನನ್ನ, ನಿಮ್ಮ ಸ್ಕೂಲ್ ಉಡುಗೀರ್ ಜೊತೆಗೆ. ಮರ್ತ್ಬುಟ್ಯಾ?"

ಮರೆತಿದ್ದೆ. ಅವಳು ಹೇಳುತ್ತಿದ್ದ ಹಾಗೆ ನೆನಪಾಯಿತು. ಅವಳು ಹೊಸದಾಗಿ ಮದುವೆಯಾಗಿ ಬಂದ ವರ್ಷ. ಎಕ್ಸ್‌ಕರ್ಷನ್ ಬಸ್ಸಿನಲ್ಲಿ ಒಂದು ಸೀಟು ಖಾಲಿ ಇತ್ತು, ಕರೆದುಕೊಂಡು ಹೋಗಿದ್ದೆ. ಕೋಟೆಯ ಗೋಡೆಯ ಮುಂದೆ ನಿಂತು ನಾನು ಹುಡುಗಿಯರಿಗೆ ಯುದ್ಧದ ವಿವರ ಹೇಳಿ, ಎನಿ ಡೌಟ್ಸ್ ಎಂದಿದ್ದೆ. ಯಾರೂ ಬಾಯಿ ಬಿಡಲಿಲ್ಲ. ಹಿಂದೆ ನಿಂತಿದ್ದ ಇವಳು ಕೇಳಿದಳು: "ಇಷ್ಟು ಕಲ್ಲು ಹೊತ್ತೋರಿಗೆ ಹಿಟ್ಟು ಯಾರು ಬೇಯಿಸ್ತಿದ್ರಕ್ಕ?" ಹುಡುಗಿಯರು ಗೊಳ್ಳೆಂದರು. ನಾನು, "ಅದು ಸಿಲಬಸ್‌ನಲ್ಲಿಲ್ಲ" ಎಂದೆ. ಅವರು ಇನ್ನೂ ಜೋರಾಗಿ ನಕ್ಕರು. ನಾನೂ ನಕ್ಕೆ.

"ಅವತ್ತಿಂದ ನಿನ್ ಜೊತೆ ಎಲ್ಗೂ ಬರ್ನಿಲ್ಲ ನಾನು," ಎಂದಳು. "ನಿಮ್ಮನೇಲಿ ಕೂತ್ಕಂಡು ಆ ರಾಜ, ಈ ರಾಜ ಅಂತ ಕೇಳ್ತಾ ಕೇಳ್ತಾ ಬಾಯಿಗೆ ಬತ್ತದೆ ಕಣಕ್ಕ, ಕೇಳ್ಬುಡ್ಮಾ ಅಂತ. ಮನೇಲಾದ್ರೆ ನುಂಗ್ಕತೀನಿ. ಅಲ್ಲೋಗಿ, ಕೂಸಿನ್ ಮೇಷ್ಟ್ರುಗಳ ಮುಂದೆ ಏನಾರಾ ಕೇಳ್ಬುಟ್ರೆ? ನಗಾಡ್ಬುಟ್ರೆ? ಕೂಸ್ಗೆ ಅವಮಾನ ಅಲ್ವಾ? ಅವ್ಳು ಡಿಗ್ರಿ ಈಸ್ಕೊಳೋ ದಿನ."

ಕಾನ್ವೆಂಟಿನಲ್ಲಿ ನಮಗೆ ದಿನಕ್ಕೆ ಹತ್ತು ಸಲ ಸಾರಿ ಹೇಳಿಸುತ್ತಿದ್ದರು. ಬಾಗಿಲು ಜೋರಾಗಿ ಹಾಕಿದರೆ ಸಾರಿ, ಕೆಮ್ಮಿದರೆ ಸಾರಿ. ಅಷ್ಟು ಅಭ್ಯಾಸವಿದ್ದ ಮಾತು ಆ ಕೊಟ್ಟಿಗೆಯಲ್ಲಿ ಬಾಯಿಗೆ ಬರಲಿಲ್ಲ. ಅದು ಅಲ್ಲಿಗೆ ಸಾಲುತ್ತಲೂ ಇರಲಿಲ್ಲ.

"ನನ್ನದು ತಪ್ಪಾಯ್ತು ಕಣೆ," ಎಂದೆ. "ಪ್ರಶ್ನೆ ಸರಿಯಾಗಿತ್ತು. ಉತ್ತರ ನನಗೆ ಗೊತ್ತಿರಲಿಲ್ಲ. ಗೊತ್ತಿಲ್ಲ ಅನ್ನೋಕ್ಕೆ ನಾಚಿಕೆಯಾಗಿ ನಕ್ಕುಬಿಟ್ಟೆ."

"ಬುಡಕ್ಕ. ಅಳೇ ಕತೆ." ಎದ್ದು, ಚರಿಗೆಯ ಹಾಲನ್ನು ಕ್ಯಾನಿಗೆ ಸುರಿದಳು. "ಡೈರಿಗೆ ಓಗ್ಬೇಕು, ಟೇಮಾಯ್ತು. ಬತ್ತೀಯಾ?"

ಕೋಪನ್‌ಹೇಗನ್ನಿಗೆ ಬರುತ್ತಾಳೋ ಇಲ್ಲವೋ ತಿಳಿಯದೆ ನಾನು ಅವಳ ಹಿಂದೆ ನಡೆದೆ. ಅವರ ಊರಿನ ಹೆಂಗಸರ ಹಾಲಿನ ಡೈರಿಗೆ ಇವಳೇ ಅಧ್ಯಕ್ಷೆ, ಮೂರನೆಯ ಸಲ. ಗೊತ್ತಿದ್ದ ಸಂಗತಿ, ಆದರೆ ಹೋಗಿ ನೋಡಿದ್ದು ಅದೇ ಮೊದಲು. ಕ್ಯಾನು ಹಿಡಿದು ನಿಂತಿದ್ದ ಹೆಂಗಸರು ದಾರಿ ಬಿಟ್ಟರು. ಹಾಲು ಟೆಸ್ಟ್ ಮಾಡುವ ಹುಡುಗಿ ಎದ್ದು ನಿಂತಳು. ಓರಗಿತ್ತಿ ನೇರ ಅವಳನ್ನೇ ಕೇಳಿದಳು:

"ಮೂಲೆ ಮನೆಯೋಳ ಆಲು ಯಾಕ್ ತೆಳ್ಳಗಾಗದೆ? ಅಸ ಗಬ್ಬ ಆಗದಾ, ಇಲ್ಲ ಹಿಂಡಿ ಹಾಕ್ತಿಲ್ವಾ? ಕೇಳ್ದಾ?"

"ಇಲ್ಲ ಕಣತ್ತೆ."

"ಕೇಳ್ದೆ ಬರೀ ಮಿಷಿನ್ನು ಯೋಳಿದ್ ಬರ್ಕೊಂಡ್ರೆ ಆಯ್ತಾ? ಮಿಷಿನ್ನು ಎಷ್ಟು ಅಂತ ಯೋಳ್ತದೆ, ಯಾಕೆ ಅಂತ ಯೋಳ್ತದಾ?"

ಹಿಂದಿನಿಂದ ಒಬ್ಬಳು, "ಇವತ್ತು ಜೊತೇಲಿ ಇನ್‌ಸ್ಪೆಕ್ಟರಮ್ಮನೂ ಬಂದವ್ರೆ ಕಣ್ರೇ, ನೀರು ಬೆರೆಸಿದೋರು ಹಂಗೇ ಮನೇಗ್ ನಡೀರಿ" ಎಂದಳು. ಎಲ್ಲರೂ ನಕ್ಕರು, ಓರಗಿತ್ತಿ ಎಲ್ಲರಿಗಿಂತ ಜೋರಾಗಿ. ನಾನು ಗೋಡೆಗೊರಗಿ ನಿಂತೆ. ನನ್ನ ಕ್ಲಾಸುಗಳಲ್ಲಿ ಇಷ್ಟು ವರ್ಷ ನಾನು ಎಷ್ಟು ಎಂದು ಹೇಳಿದ್ದೆ, ಯಾರು ಎಂದು ಹೇಳಿದ್ದೆ. ಯಾಕೆ ಎಂಬುದನ್ನು ಗೈಡಿನಲ್ಲಿದ್ದ ಮೂರು ಕಾರಣಗಳಿಗೆ ಬಿಟ್ಟಿದ್ದೆ. ಇಲ್ಲಿ ನಿಂತವಳು ಸಹಿ ಮಾಡುವಷ್ಟು ಮಾತ್ರ ಅಕ್ಷರ ಕಲಿತವಳು. ಇವಳು ನಮ್ಮ ಮನೆಯವಳು ಎಂದು ಎದೆ ಉಬ್ಬಿತು, ಸುಳ್ಳಲ್ಲ.

ವಾಪಸ್ ಬರುವಾಗ ಕೇಳಿದೆ. "ನುಂಗಿಕೊಂಡೆ ಅಂದೆಯಲ್ಲ, ಆ ಪ್ರಶ್ನೆಗಳು ಯಾವುವು? ಒಂದೂ ಬಿಡದೆ ಹೇಳು."

"ಈಗ್ಯಾಕಕ್ಕ?"

"ಹೇಳೆ ಮಾರಾಯ್ತಿ."

ಮೊದಲು ಒಂದು ಬಂತು. "ಆ ತರಂಗನೋ ಎಂಥದೋ, ಅಲ್ಲಿಗೆ ಅಡಗಲ್ಲಿ ಬಂದ್ರಲ್ಲ. ಎಷ್ಟು ದಿವ್ಸ ಆಗದು?"

"ಮೊದಲ ಸಲ ಬಂದವರಿಗೆ ಎರಡು ವರ್ಷದ ಹತ್ತಿರ ಆಯಿತಂತೆ. ತುಂಬಾ ಜನ ದಾರಿಯಲ್ಲೇ ಸತ್ತರು."

ಅವಳು ನಿಂತುಬಿಟ್ಟಳು. "ಎರಡು ವರ್ಸ! ಆಗ ಅವ್ರ ಎಂಡ್ತೀರು ಎಲ್ಲಿದ್ರು? ಏನ್ ಉಂಡ್ರು? ಸತ್ತೋದ ಅಂತ ಅವ್ರಿಗೆ ಯೋಳ್ದೋರ್ ಯಾರು?"

ಆಮೇಲೆ ನಿಲ್ಲಲಿಲ್ಲ. ಅಷ್ಟು ದೊಡ್ಡ ಊರಿಗೆ ಸೊಪ್ಪು, ತರಕಾರಿ ಎಲ್ಲಿಂದ ಬರುತ್ತಿತ್ತು? ಮೀನು ಮಾರುವವರು ಎಲ್ಲಿ ಕೂರುತ್ತಿದ್ದರು, ಗಂಡಸರೋ ಹೆಂಗಸರೋ? ಕಾಲುವೆ ತೋಡಿದ ಸೆರೆಯಾಳುಗಳು ಆಮೇಲೆ ಮನೆಗೆ ಹೋದರೋ ಇಲ್ಲವೋ? ಆ ದೇಶದಲ್ಲಿ ಹಾಲಿನ ಡೈರಿ ಮೊದಲು ಕಟ್ಟಿದವರು ಯಾರು, ಸರ್ಕಾರವೋ ರೈತರೋ? ಪರ್ಸಿನಲ್ಲಿದ್ದ ಬಸ್ ಟಿಕೆಟ್ಟಿನ ಹಿಂದೆ ಬರೆಯತೊಡಗಿದೆ, ಜಾಗ ಸಾಲಲಿಲ್ಲ. ಅವರ ಜಗುಲಿಯ ಮೇಲೆ ಕೂತು ಡೈರಿಯ ಹಳೆಯ ಪಾಂಪ್ಲೆಟ್ಟಿನ ಬೆನ್ನಿಗೆ ಬರೆದು ಮುಗಿಸಿದೆ.  ಅವಳು ಬರುತ್ತೇನೆ ಎನ್ನಲಿಲ್ಲ. ನಾನೂ ಕೇಳಲಿಲ್ಲ. ಕೊನೆಯ ಬಸ್ಸು ಹಿಡಿದೆ.

ಮಾರನೆಯ ದಿನದಿಂದ ಹುಡುಗಿಗೂ ನನಗೂ ಬೇರೆ ಕೆಲಸವಿಲ್ಲ. ನಾನು ಪ್ರಶ್ನೆ ಓದಿ ಹೇಳುವುದು, ಅದು ಲೈಬ್ರರಿಗೆ ಓಡುವುದು, ಅಲ್ಲಿನವರನ್ನು ಕೇಳುವುದು. "ದೊಡ್ಡಜ್ಜಿ, ನಮ್ಮ ಪ್ರೊಫೆಸರಿಗೆ ಅಜ್ಜಿ ಪ್ರಶ್ನೆ ತೋರಿಸ್ದೆ. ಇದನ್ನ ಕೇಳಿದ್ದು ಯಾವ ಯೂನಿವರ್ಸಿಟಿಯವರು ಅಂದ್ರು. ಮಿರ್ಲೆ ಅಂದೆ."

ಉತ್ತರಗಳು ಒಂದೊಂದಾಗಿ ಬಂದವು. ನೌಕಾಪಡೆಯ ಸಂಸಾರಗಳಿಗೆಂದು ನಾನೂರು ವರ್ಷದ ಹಿಂದೆ ಸಾಲುಮನೆಗಳನ್ನು ಕಟ್ಟಿದರಂತೆ. ಹಳದಿ ಬಣ್ಣದ ಸಾಲುಗಳು ಈಗಲೂ ನಿಂತಿವೆ, ಹಳೆಯ ಒಂದು ಮನೆಯ ಒಳಗೆ ಹೋಗಿ ಒಲೆ, ಮಂಚ ಎಲ್ಲ ನೋಡಬಹುದು. ಮೀನು ಮಾರುತ್ತಿದ್ದವರು ಹೆಂಗಸರೇ. ಕಾಲುವೆಯ ದಡದಲ್ಲಿ ತಲೆಗೆ ವಸ್ತ್ರ ಕಟ್ಟಿದ ಮೀನುಗಾತಿಯ ಕಲ್ಲಿನ ವಿಗ್ರಹ ಇದೆ. ಊರಿಗೆ ತರಕಾರಿ ಬೆಳೆದುಕೊಡಲೆಂದು ರಾಜನೊಬ್ಬ ಹೊರದೇಶದಿಂದ ರೈತರನ್ನು ಕರೆಸಿ ಪಕ್ಕದ ದ್ವೀಪದಲ್ಲಿ ಭೂಮಿ ಕೊಟ್ಟಿದ್ದ. ನಮ್ಮ ವಿಮಾನ ಇಳಿಯುವುದೇ ಆ ದ್ವೀಪದಲ್ಲಿ, ಅವರ ತೋಟದ ಮನೆಯೊಂದು ಮ್ಯೂಸಿಯಂ ಆಗಿದೆ. ಡೈರಿ ಕಟ್ಟಿದವರು ರೈತರೇ, ನೂರು ವರ್ಷಕ್ಕೂ ಹಿಂದೆ, ನಮ್ಮ ಮಿರ್ಲೆಯ ಹೆಂಗಸರ ಹಾಗೆ ಸೇರಿ. ಸೆರೆಯಾಳುಗಳ ಬಗ್ಗೆ ಮಾತ್ರ ಏನೂ ಸಿಗಲಿಲ್ಲ. ಗೊತ್ತಿಲ್ಲ ಎಂದು ನಕ್ಷೆಯಲ್ಲೇ, ಕಾಲುವೆಯ ಪಕ್ಕದಲ್ಲಿ, ದಪ್ಪ ಅಕ್ಷರದಲ್ಲಿ ಬರೆದೆ.

ಹೊಸ ಪ್ಲಾನಿನಲ್ಲಿ ಕಿರೀಟ, ಒಡವೆ ಬಿಟ್ಟುಹೋದವು. ಅರಮನೆಯನ್ನು ಹೊರಗಿನಿಂದ ನೋಡಿದರೆ ಸಾಕು. ದುಂಡು ಗೋಪುರ ಉಳಿಯಿತು, ಅದನ್ನು ಬಿಡಲು ಮನಸ್ಸು ಬರಲಿಲ್ಲ. ಹಸಿರು ಗೆರೆ ಈಗ ಹಳದಿ ಮನೆಗಳಿಂದ ಮೀನುಗಾತಿಯ ಕಡೆಗೆ, ಅಲ್ಲಿಂದ ಹಡಗುಕಟ್ಟೆಗೆ, ಕೊನೆಗೆ ತೋಟದ ಮನೆಗೆ ಹೋಗುತ್ತದೆ. ಅದನ್ನೆಲ್ಲ ಫೋನಿನಲ್ಲಿ ಮಾತಾಡಿ ರೆಕಾರ್ಡ್ ಮಾಡಿ ಓರಗಿತ್ತಿಗೆ ಕಳಿಸಿದೆ. ಒಂದೊಂದು ಪ್ರಶ್ನೆಗೂ ಒಂದೊಂದು. ಕೊನೆಯದರಲ್ಲಿ ಹೇಳಿದೆ: "ಅಲ್ಲಿ ಯಾರ ಮುಂದೆ ಬೇಕಾದರೂ ಕೇಳು. ನೀನು ಕೇಳಿದ್ದನ್ನು ನಾನು ಇಂಗ್ಲಿಷಿನಲ್ಲಿ ಹೇಳುತ್ತೇನೆ. ಒಂದಕ್ಷರ ಬಿಡದೆ."

ಜವಾಬು ಬರಲಿಲ್ಲ. ಕೇಳಿಸಿಕೊಂಡಿದ್ದಾಳೆ ಎಂದು ಮಾತ್ರ ಫೋನು ತೋರಿಸುತ್ತಿತ್ತು. ಹುಡುಗಿ ದಿನಾ ಕೇಳುತ್ತಿತ್ತು, "ಅಜ್ಜಿ ಏನಂದ್ರು?" ಏನೂ ಅನ್ನಲಿಲ್ಲ ಎಂದು ಹೇಳಿ ಹೇಳಿ ನನಗೇ ಸಾಕಾಯಿತು.

ಈ ಭಾನುವಾರ ಬೆಳಿಗ್ಗೆ, ಕಾಫಿಗೆ ಹಾಲಿಟ್ಟಿದ್ದೆ, ಗೇಟಿನ ಸದ್ದಾಯಿತು. ಓರಗಿತ್ತಿ. ಕೈಯಲ್ಲಿ ದೊಡ್ಡ ಬ್ಯಾಗು, ಅದರ ಹಿಡಿಗೆ ಅರಿಶಿನದ ದಾರ.

ನಮ್ಮ ವಿಮಾನ ಇರುವುದು ಮಂಗಳವಾರ. ಮಂಗಳವಾರ ಮಿರ್ಲೆಯ ಮನೆಯಿಂದ ದೂರದ ಊರಿಗೆ ಯಾರೂ ಹೊರಡುವುದಿಲ್ಲ. ಹೊರಡಲೇಬೇಕಾದರೆ ಒಳ್ಳೆಯ ದಿನ ನೋಡಿ ಮೊದಲೇ ಗಂಟನ್ನು ಬೇರೆಯವರ ಮನೆಯಲ್ಲಿ ಇಟ್ಟು ಬರುತ್ತಾರೆ. ಪರಸ್ಥಾನ ಇಡುವುದು ಎನ್ನುತ್ತಾರೆ. ಇಟ್ಟ ಮೇಲೆ ಆ ಗಂಟನ್ನು ಮನೆಗೆ ವಾಪಸ್ ತರುವ ಹಾಗಿಲ್ಲ, ಯಾಕೆಂದರೆ ಅವರು ಆಗಲೇ ಹೊರಟಾಯಿತು. ಮದುವೆಯಾದ ಹೊಸದರಲ್ಲಿ ಇದನ್ನು ನೋಡಿ, ನಾನ್‌ಸೆನ್ಸ್, ಎಂದು ಯಜಮಾನರ ಹತ್ತಿರ ನಕ್ಕಿದ್ದೆ. ಈಗ ಆ ಬ್ಯಾಗು ನಮ್ಮ ನಡುಮನೆಗೇ ಬಂದಿತ್ತು, ನೋಡುತ್ತಲೇ ನಿಂತೆ.

"ಏನಕ್ಕ ಹಂಗ್ ನೋಡ್ತೀಯ? ಇವತ್ತು ದಿನ ಚೆಂದಾಗದೆ. ಹೊಂಟ್ಬುಟ್ಟೆ ನಾನು."

"ಹುಡುಗಿಗೆ ಹೇಳಿದೆಯಾ?"

"ಬಸ್ಸಲ್ಲೇ ಯೋಳ್ದೆ. ಅಳ್ತಾ ಕೂತದೆ ಅಲ್ಲಿ." ಟೇಬಲ್ಲಿನ ಹತ್ತಿರ ಹೋಗಿ ನಕ್ಷೆ ನೋಡಿದಳು. ಹಳದಿ ಮನೆಗಳ ಸಾಲನ್ನು ಬೆರಳಿಟ್ಟು ಸವರಿದಳು. ಆಮೇಲೆ ಸುತ್ತ ನೋಡಿ, "ನಿನ್ ಬ್ಯಾಗೆಲ್ಲಿ?"

"ಇನ್ನೂ ತುಂಬಿಲ್ಲ. ನಾಳೆ ತುಂಬ್ತೀನಿ."

"ಮಂಗಳವಾರ ನೀನೂ ನನ್ ಜೊತೇಗೇ ತಾನೆ ಹೊಂಡೋದು? ನಾನೊಬ್ಳೇ ಹೊಂಟಂಗಾಗ್ಲಿಲ್ವಾ? ನಡಿ, ನಡಿ."

ಸೂಟ್‌ಕೇಸ್ ಇಳಿಸಿದೆ. ಅವಳು ಸೀರೆ ಮಡಚಿ ಕೊಟ್ಟಳು, ನಾನು ಮಾತ್ರೆ, ಸ್ವೆಟರ್, ಕನ್ನಡಕ ತುಂಬಿದೆ. ಇಬ್ಬರೂ ಸೇರಿ ಸೂಟ್‌ಕೇಸನ್ನು ರಸ್ತೆ ದಾಟಿಸಿ ಎದುರು ಮನೆಗೆ ಎಳೆದುಕೊಂಡು ಹೋದೆವು. ಅಲ್ಲಿ ಬಟ್ಟೆ ಹೊಲಿಯುವ ಹೆಂಗಸು ಇದ್ದಾಳೆ. ಹುಣಸೂರಿನಲ್ಲಿ ನನ್ನ ಕ್ಲಾಸಿನಲ್ಲಿ ಓದಿದವಳು. ನಮ್ಮನ್ನು ನೋಡಿ ಮಿಷನ್ ತುಳಿಯುವುದನ್ನು ನಿಲ್ಲಿಸಿದಳು.

"ಇದೇನ್ ಮಿಸ್, ಪರಸ್ಥಾನನಾ? ನೀವಾ? ಎಲ್ಲಿಗ್ ಹೊರಟ್ರಿ?"

ನಾನು ಬಾಯಿ ತೆರೆಯುವ ಮೊದಲೇ ಓರಗಿತ್ತಿ ಹೇಳಿದಳು. "ಕೋಪನ್‌ಹೇಗನ್ನಿಗೆ. ಅಲ್ಲಿ ರಾಜರ್ನ ನಮ್ಮಕ್ಕ ನೋಡ್ಕತಾಳೆ, ಮಿಕ್ಕೋರ್ನ ನಾನ್ ನೋಡ್ಕತೀನಿ."

"ಡೇನರ ಊರಲ್ವಾ ಮಿಸ್?" ಎಂದಳು ಹೊಲಿಯುವವಳು. "ಒಂದು ಮಾರ್ಕಿಗೆ ಬರ್ತಿತ್ತು."

"ಬಂದು ಹೇಳ್ತೀನಿ ಬಾ," ಎಂದೆ. "ಒಂದು ಮಾರ್ಕಿಗೆ ಮುಗಿಯೋ ಹಾಗೆ ಕಾಣಲ್ಲ."